ತಡೆಯಾಜ್ಞೆ ಬಂತು, ಟ್ರಾನ್ಸ್‌ಫಾರ್ಮರ್ ಬರಲಿಲ್ಲ

ಮಾನ್ಯ ಸಂಪಾದಕರೆ,

ಕೈಗಾರಿಕೆಗೆಂದು ಜಾಗ ಪಡೆದು ಖಾಲಿ ಬಿಟ್ಟವರಿಂದ ವಾಪಸ್ ಪಡೆಯುತ್ತೇವೆ ಎಂಬ ಮಾತು ಆಗಾಗ ಪೇಪರಿನಲ್ಲಿ ಬರುತ್ತದೆ. ಓದಿದವರು ಸರಿಯಾಗೇ ಮಾಡಿದರು ಅನ್ನುತ್ತಾರೆ. ನಾನೂ ಹಾಗೇ ಅನ್ನುತ್ತಿದ್ದೆ, ನನ್ನ ಕಾಲು ಎಕರೆಗೇ ರದ್ದತಿ ಆದೇಶ ಬರುವ ತನಕ.

ತುಮಕೂರು ಜಿಲ್ಲೆಯಲ್ಲಿ ನನ್ನದೊಂದು ಸಣ್ಣ ಫ್ಯಾಬ್ರಿಕೇಶನ್ ಶೆಡ್ ಇದೆ. ಗೇಟು, ಗ್ರಿಲ್ಲು, ಟ್ರ್ಯಾಕ್ಟರ್ ಟ್ರೇಲರ್ ಮಾಡುತ್ತೇವೆ. ಹದಿನೈದು ವರ್ಷ ಬಾಡಿಗೆ ಶೆಡ್ಡಿನಲ್ಲಿ ದುಡಿದು, ಹೆಂಡತಿಯ ಒಡವೆ ಅಡವಿಟ್ಟು, ಕೈಗಾರಿಕಾ ಪ್ರದೇಶದಲ್ಲಿ ಕಾಲು ಎಕರೆ ಪಡೆದೆ. ಕಾಗದದ ಹೆಸರು ಲೀಸ್ ಕಮ್ ಸೇಲ್. ದುಡ್ಡು ಪೂರ್ತಿ ಕಟ್ಟಿದರೂ ಮೊದಲು ನಾವು ಗುತ್ತಿಗೆದಾರರೇ. ಗಡುವಿನೊಳಗೆ ಕಟ್ಟಡ ಎಬ್ಬಿಸಿ, ಕೆಲಸ ಶುರು ಮಾಡಿ ತೋರಿಸಿದ ಮೇಲಷ್ಟೇ ಕ್ರಯಪತ್ರ. ತಪ್ಪಿದರೆ ಜಾಗ ಹೋಯಿತು.

ಈ ಷರತ್ತಿನ ಬಗ್ಗೆ ನನ್ನ ತಕರಾರಿಲ್ಲ. ಸರ್ಕಾರ ರೈತನಿಂದ ಪಡೆದ ನೆಲ ಅದು, ಸುಮ್ನೆ ಬೇಲಿ ಹಾಕಿಟ್ಟುಕೊಳ್ಳಲು ಅಲ್ಲ. ಆದರೆ ಷರತ್ತು ನನ್ನ ಕಡೆಗಷ್ಟೇ ಇತ್ತು. ಸ್ವಾಧೀನ ಕೊಟ್ಟ ದಿನ ಅಲ್ಲಿದ್ದದ್ದು ನಾಲ್ಕು ಗುರುತಿನ ಕಲ್ಲು ಮತ್ತು ಜಾಲಿ ಗಿಡ. ರಸ್ತೆಗೆ ಜಲ್ಲಿ ಸುರಿದಿದ್ದರು, ಡಾಂಬರು ಕಂಡಿರಲಿಲ್ಲ. ಎರಡು ಕಂಬ ನೆಟ್ಟಿದ್ದರು, ನಡುವೆ ಟ್ರಾನ್ಸ್‌ಫಾರ್ಮರ್ ಇರಲಿಲ್ಲ. ಕರೆಂಟಿಲ್ಲದೆ ವೆಲ್ಡಿಂಗ್ ಮಾಡುವುದು ಹೇಗೆ? ಮೂರು ಸಲ ಅರ್ಜಿ ಕೊಟ್ಟೆ. ಎರಡು ವರ್ಷದ ಗಡುವು ಮಾತ್ರ ಸ್ವಾಧೀನದ ದಿನದಿಂದಲೇ ಓಡುತ್ತಿತ್ತು.

ಆಮೇಲೆ, ಗಡುವು ಮೀರಿತೆಂದು ಜಾಗ ಕೊಟ್ಟ ಕಚೇರಿಯಿಂದ ನೋಟಿಸ್ ಹೊರಟಿತು, ನಾನು ಬಿಟ್ಟು ಬಂದಿದ್ದ ಹಳೆಯ ಬಾಡಿಗೆ ಮನೆಗೆ. ‘ಈ ವಿಳಾಸದಲ್ಲಿಲ್ಲ’ ಎಂಬ ಷರಾ ಹೊತ್ತು ವಾಪಸ್ ಹೋಯಿತು. ವಿಳಾಸ ಬದಲಾಗಿದೆ ಎಂದು ಅದೇ ಕಚೇರಿಗೆ ನಾನು ಕೊಟ್ಟ ಪತ್ರದ ಸ್ವೀಕೃತಿ, ಸೀಲು ಸಮೇತ, ನನ್ನ ಹತ್ತಿರ ಇದೆ. ನೋಟಿಸಿಗೆ ಉತ್ತರ ಬಂದಿಲ್ಲ ಎಂದು ಬರೆದುಕೊಂಡು ಹಂಚಿಕೆ ರದ್ದು ಮಾಡಿದರು. ನನಗೆ ವಿಷಯ ತಿಳಿದದ್ದು ಸಾಲ ಕೇಳಲು ಹೋದಾಗ, ಬ್ಯಾಂಕಿನವರಿಂದ!

‘ಇದು ಗೆಲ್ಲೋ ಕೇಸು ಸಾರ್’ ಅಂದರು ವಕೀಲರು. ನೋಟಿಸ್ ಕೈ ಸೇರಿಲ್ಲ, ನಮ್ಮ ಮಾತು ಕೇಳಿಲ್ಲ. ಹೈಕೋರ್ಟಿನಲ್ಲಿ ಆ ಆದೇಶ ಪ್ರಶ್ನಿಸಿ ರಿಟ್ ಅರ್ಜಿ ಹಾಕಿ ತಡೆಯಾಜ್ಞೆ ತಂದರು. ನಾನು ಮೈಸೂರು ಪಾಕ್ ಹಂಚಿದೆ. ಪೆದ್ದ ನಾನು. ತಡೆಯಾಜ್ಞೆಯಿಂದ ಜಾಗ ಕೈತಪ್ಪಲಿಲ್ಲ, ಅಷ್ಟೇ. ಕೇಸಿರುವ ಜಾಗದ ಮೇಲೆ ಬ್ಯಾಂಕ್ ಸಾಲ ಕೊಡುವುದಿಲ್ಲ. ಸಾಲವಿಲ್ಲದೆ ಶೆಡ್ಡಿಲ್ಲ. ನಾಲ್ಕು ವರ್ಷದ ಮೇಲೆ ಹೈಕೋರ್ಟ್ ಆ ರದ್ದತಿ ಆದೇಶವನ್ನು ತಳ್ಳಿಹಾಕಿತು. ಜೊತೆಗೆ, ಅರ್ಜಿದಾರನ ಮಾತು ಕೇಳಿ ಹೊಸದಾಗಿ ತೀರ್ಮಾನಿಸಿ ಎಂದು ಕಡತ ಅದೇ ಕಚೇರಿಗೆ ವಾಪಸ್ ಹೋಯಿತು. ಅಷ್ಟರಲ್ಲಿ ನನ್ನ ಹತ್ತಿರ ಕೆಲಸಕ್ಕಿದ್ದ ನಾಲ್ಕು ಹುಡುಗರಲ್ಲಿ ಇಬ್ಬರು ಬೆಂಗಳೂರಿನ ದಾರಿ ಹಿಡಿದಿದ್ದರು.

ನನ್ನ ಜಾಗದ ಹಿಂಬದಿಯ ಪ್ಲಾಟಿನ ಕಥೆಯನ್ನೂ ಹೇಳಬೇಕು. ಹತ್ತಾರು ಎಕರೆ. ಅಲ್ಲೂ ರದ್ದತಿ, ಅಲ್ಲೂ ತಡೆಯಾಜ್ಞೆ. ಒಳಗಿರುವುದು ಕಾಂಪೌಂಡು, ಒಬ್ಬ ವಾಚ್‌ಮನ್, ಒಂದು ನಾಯಿ. ‘ಕೇಸು ನಡೀಲಿ ಬಿಡಿ, ಅರ್ಜೆಂಟೇನಿಲ್ಲ’ ಅನ್ನುತ್ತಾರೆ ಅವರ ಮ್ಯಾನೇಜರ್. ಯಾಕಿರುತ್ತೆ? ವರ್ಷವರ್ಷವೂ ಜಾಗದ ಬೆಲೆ ಏರುತ್ತಿದೆ. ನನ್ನ ಕುತ್ತಿಗೆಗೆ ಉರುಳಾದ ತಡೆಯಾಜ್ಞೆಯ ಕಾಗದವೇ ಅವರಿಗೆ ಕೊಡೆ. ಆ ನೆಲದ ಹಳೆಯ ಯಜಮಾನರು ಈಗ ಅದರೊಳಗೆ ಕುರಿ ಮೇಯಿಸುತ್ತಾರೆ, ವಾಚ್‌ಮನ್‌ನ ಅಪ್ಪಣೆ ಕೇಳಿ. ‘ನಮ್ಮತ್ರ ಕಿತ್ಕೊಳ್ಳೋವಾಗ ಎಷ್ಟು ಅವಸರ ಇತ್ತಲ್ಲಣ್ಣ’ ಅಂದರು ಒಂದು ದಿನ. ನಾನೇನು ಹೇಳಲಿ? ಕೋರ್ಟಿನಲ್ಲಿ ಜಾಗ ಕೊಟ್ಟ ಕಚೇರಿ ಇರುತ್ತದೆ, ಪಡೆದವನಿರುತ್ತಾನೆ. ನೆಲ ಕಳೆದುಕೊಂಡವರನ್ನು ಯಾರೂ ಕರೆಯುವುದಿಲ್ಲ.

ನಮ್ಮ ರಾಜ್ಯದಲ್ಲಷ್ಟೇ ಹೀಗೆ ಅಂದುಕೊಳ್ಳಬೇಡಿ. ಉತ್ತರ ಪ್ರದೇಶದ ಜಗದೀಶಪುರದಲ್ಲಿ ಕಮಲಾ ನೆಹರು ಸ್ಮಾರಕ ಟ್ರಸ್ಟ್‌ಗೆ ಹೂವಿನ ಕೃಷಿಗೆಂದು 2003ರಲ್ಲಿ 125 ಎಕರೆ ಕೊಟ್ಟರು. ಹಣ ಬಾಕಿ ಉಳಿಯಿತೆಂದು 2007ರಲ್ಲಿ ರದ್ದು ಮಾಡಿದರು. ಅಲಹಾಬಾದ್ ಹೈಕೋರ್ಟ್ ದಾಟಿ ಸುಪ್ರೀಂ ಕೋರ್ಟ್ ಆ ರದ್ದತಿ ಸರಿ ಎಂದು ಹೇಳುವಾಗ ಮೇ 2025. ಹದಿನೆಂಟು ವರ್ಷ! ಬಾಕಿದಾರರಿಗೆ ಕೋರ್ಟ್ ಮರುಕ ತೋರಲಿಲ್ಲ, ನನಗದು ಸರಿ ಅನ್ನಿಸಿತು. ಆದರೆ ಜಾಗ ಕೊಟ್ಟ ನಿಗಮವನ್ನೂ ಬಿಡಲಿಲ್ಲ. ಅರ್ಜಿ ಹಾಕಿ ಎರಡೇ ತಿಂಗಳಲ್ಲಿ ಇಷ್ಟು ದೊಡ್ಡ ಜಾಗ ಕೊಟ್ಟ ರೀತಿಯನ್ನೇ ಪ್ರಶ್ನಿಸಿತು. ಮುಂದೆ ಹಂಚುವಾಗ ಎಲ್ಲ ಪಾರದರ್ಶಕವಾಗಿರಲಿ, ಉದ್ಯೋಗ ಎಷ್ಟು, ಪರಿಸರಕ್ಕೆ ಏನಾಗುತ್ತದೆ ನೋಡಿ ಅಂದಿತು. ಕೊಡುವಾಗ ಕಣ್ಣು ಮುಚ್ಚಿಕೊಂಡಿದ್ದರೆ ಕಿತ್ತುಕೊಳ್ಳುವಾಗ ಜಗಳ ಆಗೇ ಆಗುತ್ತದೆ ಅಲ್ವಾ?

ನಮ್ಮ ರಾಜ್ಯದಲ್ಲಿ ಆಗಬೇಕಾದ್ದು ಇಷ್ಟು. ರಸ್ತೆ, ನೀರು, ಕರೆಂಟು ಕೊಟ್ಟ ದಿನದಿಂದ ಗಡುವು ಎಣಿಸಲಿ. ರದ್ದು ಮಾಡುವ ಮುಂಚೆ ಒಬ್ಬ ಅಧಿಕಾರಿ ಜಾಗಕ್ಕೆ ಬಂದು, ಫೋಟೊ ತೆಗೆದು, ನಮ್ಮ ಸಹಿ ಪಡೆದು ಹೋಗಲಿ. ನೋಟಿಸ್ ಅಂಚೆಗೂ ಬರಲಿ, ಮೊಬೈಲಿಗೂ ಬರಲಿ. ಇದನ್ನೆಲ್ಲ ಸರಿಯಾಗಿ ಮಾಡಿದರೆ ನನ್ನಂಥವನು ಕೋರ್ಟಿಗೆ ಹೋಗಬೇಕಾಗುವುದಿಲ್ಲ, ಹಿಂಬದಿಯ ಪ್ಲಾಟಿನವರಿಗೆ ಹೋದರೂ ಹೇಳಲು ಏನೂ ಉಳಿಯುವುದಿಲ್ಲ. ಇಂಥ ಕೇಸುಗಳನ್ನು ಆರು ತಿಂಗಳಲ್ಲಿ ಮುಗಿಸುವ ಒಂದು ವ್ಯವಸ್ಥೆಯೂ ಬೇಕು. ಇದು ಜಾಸ್ತಿ ಆಸೆ ಅಂತ ನನ್ನ ವಕೀಲರು ನಗುತ್ತಾರೆ.

ಟ್ರಾನ್ಸ್‌ಫಾರ್ಮರ್ ಹೋದ ವರ್ಷ ಬಂತು. ಮರುವಿಚಾರಣೆಯ ನೋಟಿಸ್ ಇನ್ನೂ ಬಂದಿಲ್ಲ. ಹಳೆಯ ಬಾಡಿಗೆ ಮನೆಯ ಓನರ್‌ಗೆ ಹೇಳಿಟ್ಟಿದ್ದೇನೆ, ಅಲ್ಲಿಗೇನಾದರೂ ಬಂದರೆ ಒಂದು ಫೋನ್ ಮಾಡಿ ಅಂತ.

ಇಂತಿ,
ಒಬ್ಬ ಸಣ್ಣ ವರ್ಕ್‌ಶಾಪ್ ಮಾಲೀಕ
ತುಮಕೂರು ಜಿಲ್ಲೆ