ಶನಿವಾರದ ಸಿನಿಮಾಗಳ ಬಗ್ಗೆ ಪೋಷಕರಿಗೆ ಪತ್ರ

ಎಂಟು, ಒಂಬತ್ತು, ಹತ್ತನೇ ತರಗತಿ ಮಕ್ಕಳ ಪೋಷಕರಿಗೆ,

ನಮಸ್ಕಾರ.

ಮುಂದಿನ ತಿಂಗಳಿಂದ ಶನಿವಾರ ಬೆಳಗಿನ ಶಾಲೆ ಮುಗಿದ ಮೇಲೆ ಮಕ್ಕಳಿಗೆ ಕೆಲವು ಸಿನಿಮಾ ತೋರಿಸಬೇಕು ಅಂತ ಮಾಡಿದ್ದೇವೆ. ಹಾಡು, ಸಂಗೀತವೇ ಬಂಡಾಯವಾಗುವ ಸಿನಿಮಾಗಳು. ಒಪ್ಪಿಗೆ ಚೀಟಿ ಮನೆ ಸೇರಿದ ಕೂಡಲೇ ನಿಮ್ಮಲ್ಲಿ ಕೆಲವರು ಶಾಲೆಗೇ ಬಂದು ಕೇಳಿದಿರಿ: "ಮೊದಲೇ ಹೇಳಿದ ಮಾತು ಕೇಳಲ್ಲ. ಇನ್ನು ಬಂಡಾಯದ ಸಿನಿಮಾ ಬೇರೆ ತೋರಿಸಿದ್ರೆ ನಾವು ಮನೇಲಿ ಇರೋದು ಹೇಗೆ ಮೇಡಂ?" ಕೇಳಿದ್ದು ನ್ಯಾಯವಾಗಿಯೇ ಇದೆ. ಆದರೆ ಬಾಗಿಲಲ್ಲಿ ನಿಂತು ಎರಡು ಮಾತಲ್ಲಿ ಉತ್ತರ ಹೇಳುವಂಥದ್ದಲ್ಲ. ಹಾಗಾಗಿ ಬರೆಯುತ್ತಿದ್ದೇನೆ.

ಚಿತ್ರದುರ್ಗದವರ ಮುಂದೆ ಸಿನಿಮಾ, ಬಂಡಾಯ ಎರಡನ್ನೂ ಒಟ್ಟಿಗೆ ಹೇಳಿದರೆ ಮೊದಲು ನೆನಪಾಗುವುದು 1972ರ 'ನಾಗರಹಾವು'. ಪ್ರಿನ್ಸಿಪಾಲರನ್ನೇ ಕಂಬಕ್ಕೆ ಕಟ್ಟಿಹಾಕಿದ ರಾಮಾಚಾರಿ. ಮುಖ್ಯ ಶಿಕ್ಷಕಿಯ ಈ ಕುರ್ಚಿಯಲ್ಲಿ ಕೂತು ಆ ದೃಶ್ಯಕ್ಕೆ ಮನಸಾರೆ ನಗುವುದು ಸ್ವಲ್ಪ ಕಷ್ಟ, ಬಿಡಿ. ನಾವು ತೋರಿಸುವ ಸಿನಿಮಾಗಳಲ್ಲಿ ಮುಖ್ಯವಾದವರು ಕಲ್ಲು ಎಸೆಯುವುದಿಲ್ಲ, ಯಾರನ್ನೂ ಕಂಬಕ್ಕೆ ಕಟ್ಟುವುದಿಲ್ಲ. ಹಾಡುತ್ತಾರೆ. ಇಲ್ಲವೇ ಹಾಡೋಲ್ಲ ಅನ್ನುತ್ತಾರೆ. ಅಷ್ಟಕ್ಕೇ ಅಧಿಕಾರದಲ್ಲಿ ಇರುವವರು ಯಾಕೆ ಅಷ್ಟು ಗಾಬರಿಯಾಗುತ್ತಾರೆ? ಮಕ್ಕಳು ಯೋಚನೆ ಮಾಡಬೇಕಾದ ಪ್ರಶ್ನೆ ಅದು.

ಮೊದಲ ಶನಿವಾರ ಕನ್ನಡದ್ದೇ, ಅದರಲ್ಲೂ ನಮ್ಮೂರಿನದೇ ಕತೆ. ಜಿ.ವಿ. ಅಯ್ಯರ್ ನಿರ್ದೇಶನದ 'ಹಂಸಗೀತೆ', 1975ರದ್ದು. 'ನಾಗರಹಾವು' ಇದ್ದ ಹಾಗೆ ಇದೂ ತ.ರಾ.ಸು. ಅವರ ಬರವಣಿಗೆಯಿಂದ ಬಂದ ಸಿನಿಮಾ. ಅವರ 'ದುರ್ಗಾಸ್ತಮಾನ' ಓದಿದವರು ನಿಮ್ಮಲ್ಲಿ ಬೇಕಾದಷ್ಟು ಜನ ಇದ್ದೀರಿ. 'ಹಂಸಗೀತೆ' ಓದಿದವರು ಕಡಿಮೆ ಇರಬಹುದು. ಪಾಳೇಗಾರರ ಕಾಲ ಮುಗಿಯುವ ಹೊತ್ತು. ಭೈರವಿ ವೆಂಕಟಸುಬ್ಬಯ್ಯ ಅಂತ ಒಬ್ಬ ಸಂಗೀತಗಾರ. ಪಾತ್ರ ಮಾಡಿದ್ದು ಅನಂತನಾಗ್. ಹಾಡಿದ್ದು ಬಾಲಮುರಳಿಕೃಷ್ಣ, ಅದಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿಯೂ ಬಂತು.

ಈ ವೆಂಕಟಸುಬ್ಬಯ್ಯ ಸುಲಭದ ಮನುಷ್ಯನಲ್ಲ. ವಿದ್ಯೆ ಎಷ್ಟಿದೆಯೋ ಅಹಂಕಾರವೂ ಅಷ್ಟೇ ಇದೆ. ಸಿನಿಮಾದ ಬಹುಪಾಲು ಅವನು ಹಾಡಿಗಾಗಿ ಅಲೆದಾಡುವುದು, ಕಲಿಯುವುದು, ಬೀಗುವುದು, ಸೋಲುವುದು. ಬಂಡಾಯ ಬರುವುದು ಕೊನೆಗೆ. ಆಳುವವನು ಹಾಡು ಅಂತ ಅಪ್ಪಣೆ ಮಾಡುತ್ತಾನೆ. ಇವನು ದೇವರ ಮುಂದೆ ಹಾಡುವವನು, ಅಪ್ಪಣೆಗೆ ಹಾಡುವವನಲ್ಲ. ಬಲವಂತ ಮಾಡಿದಾಗ ತನ್ನ ನಾಲಿಗೆಯನ್ನೇ ಕತ್ತರಿಸಿಕೊಳ್ಳುತ್ತಾನೆ. ಇದು ಕಾದಂಬರಿ, ಪರೀಕ್ಷೆಯಲ್ಲಿ ಇತಿಹಾಸ ಅಂತ ಬರೆದುಬಿಡಬೇಡಿ ಎಂದು ನಮ್ಮ ಸಮಾಜ ವಿಜ್ಞಾನದ ಮೇಷ್ಟ್ರು ಮಕ್ಕಳಿಗೆ ಮೊದಲೇ ಹೇಳುತ್ತಾರೆ. ಕೊನೆಯ ಭಾಗ ಬರುವ ಮುಂಚೆ ಸಿನಿಮಾ ನಿಲ್ಲಿಸಿ ಮಕ್ಕಳ ಜೊತೆ ಮಾತಾಡಿ, ಆಮೇಲೆ ಮುಂದುವರಿಸುತ್ತೇವೆ. ನೋಡಲು ಆಗದವರು ಹೊರಗೆ ಬಂದು ಕೂರಬಹುದು.

ಹಾಡದೆ ಇರುವುದೂ ಬಂಡಾಯವೇ ಅನ್ನುವುದು ಹಳೇ ಕಾಲದ ಕಟ್ಟುಕತೆ ಅಂತ ಮಕ್ಕಳಿಗೆ ಅನ್ನಿಸಬಾರದು. 1976ರಲ್ಲಿ, ತುರ್ತು ಪರಿಸ್ಥಿತಿ ಇದ್ದಾಗ, ಸರ್ಕಾರದವರು ಕರೆದ ಕಡೆ ಬಂದು ಹಾಡಲು ಕಿಶೋರ್ ಕುಮಾರ್ ಒಪ್ಪಲಿಲ್ಲ. ಆಕಾಶವಾಣಿಯಲ್ಲಿ ಅವರ ಹಾಡು ಬರುವುದೇ ನಿಂತುಹೋಯಿತು. ನಿಮ್ಮ ಮನೆಯ ಹಿರಿಯರಲ್ಲಿ ವಿವಿಧ ಭಾರತಿ ಕೇಳುತ್ತಿದ್ದವರು ಇದ್ದರೆ ಮಕ್ಕಳು ಅವರನ್ನೇ ಕೇಳಲಿ. ಇಡೀ ದೇಶ ಗುನುಗುತ್ತಿದ್ದ ದನಿಯನ್ನು ರೇಡಿಯೊದಿಂದ ತೆಗೆದುಹಾಕಬೇಕು ಅನ್ನಿಸಿತಲ್ಲ ಒಂದು ಸರ್ಕಾರಕ್ಕೆ!

ಎರಡನೆಯದು ಫ್ರೆಂಚ್ ಸಿನಿಮಾ, 2004ರ 'ಲೆ ಕೋರಿಸ್ತ್'. ಇದರ ಬಗ್ಗೆ ಸ್ವಲ್ಪ ಜಾಸ್ತಿ ಬರೆಯುತ್ತೇನೆ, ಯಾಕೆಂದರೆ ಇದರಲ್ಲಿ ವಿಲನ್ ಒಬ್ಬ ಮುಖ್ಯೋಪಾಧ್ಯಾಯ.

1949ನೇ ಇಸವಿ. ಯುದ್ಧ ಮುಗಿದು ಕೆಲವೇ ವರ್ಷ. ಯಾರಿಗೂ ಬೇಡವಾದ ಹುಡುಗರನ್ನು ತಂದು ಹಾಕುವ ಒಂದು ಹಾಸ್ಟೆಲ್ ಶಾಲೆ. ಅಲ್ಲಿನ ಹೆಡ್‌ಮಾಸ್ಟರ್ ರಾಶಾಂಗೆ ಗೊತ್ತಿರುವುದು ಒಂದೇ ಸೂತ್ರ: ನೀನು ಮಾಡಿದೆಯಾ, ತಗೋ ಏಟು. ಅಲ್ಲಿಗೆ ಮ್ಯಾಥ್ಯೂ ಅನ್ನುವ ಬೋಳುತಲೆಯ ಮೇಷ್ಟ್ರು ಬರುತ್ತಾರೆ. ಸಂಗೀತ ಬರೆದು ಹೆಸರು ಮಾಡಲಾಗದೆ ಕೈಚೆಲ್ಲಿದ ಮನುಷ್ಯ. ಒಂದು ರಾತ್ರಿ ಹುಡುಗರು ಅವರ ಬೋಳುತಲೆಯ ಮೇಲೆ ಪದ ಕಟ್ಟಿ ಹಾಡುತ್ತಿರುತ್ತಾರೆ. ನಾನಾಗಿದ್ದರೆ ಏನು ಮಾಡುತ್ತಿದ್ದೆ ಅಂತ ಹೇಳುವುದು ಬೇಡ. ಇವರಿಗೆ ಮಾತ್ರ ಅದರಲ್ಲಿ ಬೈಗುಳಕ್ಕಿಂತ ಮೊದಲು ಕೊರಳು ಕೇಳಿಸುತ್ತದೆ. ಎಲಾ, ಈ ಹುಡುಗರು ಹಾಡುತ್ತಾರೆ! ಮೇಳ ಶುರುವಾಗುವುದು ಅಲ್ಲಿಂದ.

ಒಬ್ಬ ಹುಡುಗನಿಗೆ ಶ್ರುತಿಯೇ ಸಿಗುವುದಿಲ್ಲ. ಅವನನ್ನು ಹೊರಗೆ ಹಾಕುವುದಿಲ್ಲ, ಸ್ವರದ ಹಾಳೆ ಹಿಡಿದು ಮೇಷ್ಟ್ರ ಮುಂದೆ ನಿಲ್ಲುವ ಕೆಲಸ ಕೊಡುತ್ತಾರೆ. ಅವನು ಅಲ್ಲಾಡದೆ ಸ್ಟ್ಯಾಂಡಿನ ಹಾಗೆ ನಿಂತಿರುತ್ತಾನೆ, ಮುಖದಲ್ಲಿ ಏನು ಗಾಂಭೀರ್ಯ ಅಂತೀರಿ! ನಮ್ಮ ಶಾಲೆಯ ಸಹಶಿಕ್ಷಕರಿಗೆಲ್ಲ ನಾನು ಮೊದಲು ತೋರಿಸಿದ್ದು ಆ ದೃಶ್ಯವನ್ನೇ.

ಆಮೇಲೆ ಹೆಡ್‌ಮಾಸ್ಟರ್ ಮೇಳ ನಿಲ್ಲಿಸಿಬಿಡುತ್ತಾನೆ. ಹುಡುಗರು ಕದ್ದುಮುಚ್ಚಿ ಹಾಡುತ್ತಾರೆ. ಶಾಲೆಗೆ ದಾನ ಕೊಡುವ ದೊಡ್ಡಮನೆಯ ಹೆಂಗಸು ಬಂದಾಗ ಮಾತ್ರ ಅದೇ ಹೆಡ್‌ಮಾಸ್ಟರ್ ಮುಂದೆ ಬಂದು, ಮೇಳ ತನ್ನದೇ ಕೆಲಸ ಅನ್ನುವಂತೆ ಹಲ್ಲು ಕಿರಿಯುತ್ತಾನೆ. ಇಂಥವರನ್ನು ನೀವೂ ನೋಡಿದ್ದೀರಿ, ನಾನೂ ನೋಡಿದ್ದೇನೆ.

ಈ ಹುಡುಗರು ಗಲಾಟೆ ಮಾಡಿದ ದಿನ ಶಾಲೆಗೆ ಏನೂ ಆಗಲಿಲ್ಲ. ಗಲಾಟೆಗೆ ಏಟು ಸಿದ್ಧವಾಗಿತ್ತು. ಶ್ರುತಿ ಸೇರಿಸಿ ಹಾಡಿದಾಗ ಮಾತ್ರ ಹೆಡ್‌ಮಾಸ್ಟರಿಗೆ ಏನು ಮಾಡಬೇಕು ಅಂತ ತಿಳಿಯಲಿಲ್ಲ. ಒಟ್ಟಿಗೆ ಹಾಡಬೇಕಾದರೆ ಪಕ್ಕದವನ ದನಿ ಕೇಳಿಸಿಕೊಳ್ಳಬೇಕು, ತನ್ನ ಸರದಿ ಬರುವವರೆಗೆ ಸುಮ್ಮನಿರಬೇಕು, ಹೇಳಿದ ಹೊತ್ತಿಗೆ ಬರಬೇಕು. "ಬಂಡಾಯ ಕಲಿಸ್ತೀರಾ" ಅಂತ ಕೇಳಿದವರಿಗೆ ನನ್ನ ಉತ್ತರ ಇಲ್ಲೇ ಇದೆ. ಇದನ್ನು ಕಲಿತ ಮಗು ನಿಮ್ಮ ಮಾತಿಗೆ ಎದುರಾಡುವುದೇ ಇಲ್ಲ ಅಂತ ನಾನು ಬರೆದುಕೊಡಲಾರೆ. ಎದುರಾಡಿದರೂ ನಿಮ್ಮ ಮಾತು ಕೇಳಿಸಿಕೊಂಡು ಎದುರಾಡುತ್ತದೆ.

ಇದೇ ಕಾರಣಕ್ಕೆ ಗಿಟಾರ್ ಒಡೆದು, ಕುಡಿದು, ಎಲ್ಲರ ಮೇಲೂ ಕೂಗಾಡುವ ನಾಯಕರ ಸಿನಿಮಾಗಳನ್ನು ನಾವು ಆರಿಸಿಲ್ಲ. ಅದು ಬರೀ ಸಿಟ್ಟು.

'ಕಾಸಾಬ್ಲಾಂಕಾ' ಅನ್ನುವ 1942ರ ಇಂಗ್ಲಿಷ್ ಸಿನಿಮಾದಿಂದ ಒಂದೇ ಒಂದು ದೃಶ್ಯ ತೋರಿಸುತ್ತೇವೆ. ಯುದ್ಧದ ಕಾಲ. ದೇಶ ಬಿಟ್ಟು ಬಂದವರು ತುಂಬಿರುವ ಒಂದು ಹೋಟೆಲು. ಜರ್ಮನ್ ಅಧಿಕಾರಿಗಳು ಪಿಯಾನೊ ಸುತ್ತ ನಿಂತು ಜೋರಾಗಿ ತಮ್ಮ ಹಾಡು ಹಾಡುತ್ತಿರುತ್ತಾರೆ. ಒಬ್ಬ ಎದ್ದುಹೋಗಿ ಬ್ಯಾಂಡಿನವರಿಗೆ ಫ್ರಾನ್ಸಿನ ರಾಷ್ಟ್ರಗೀತೆ ನುಡಿಸಿ ಅನ್ನುತ್ತಾನೆ. ಬ್ಯಾಂಡಿನವರು ಹೋಟೆಲಿನ ಮಾಲೀಕನ ಮುಖ ನೋಡುತ್ತಾರೆ. ಅವನು ಸುಮ್ನೆ ತಲೆ ಆಡಿಸುತ್ತಾನೆ. ಆಮೇಲೆ ಇಡೀ ಹೋಟೆಲೇ ಎದ್ದು ಹಾಡುತ್ತದೆ, ಜರ್ಮನರ ದನಿ ಮುಳುಗಿಹೋಗುತ್ತದೆ. ಆ ದೃಶ್ಯದಲ್ಲಿ ಅಳುತ್ತಾ ಹಾಡುವ ನಟಿ ಮ್ಯಾಡಲಿನ್ ಲೆಬೋ ನಿಜವಾಗಿಯೂ ಫ್ರಾನ್ಸಿನಿಂದ ತಪ್ಪಿಸಿಕೊಂಡು ಬಂದವರು. ಜರ್ಮನ್ ಮೇಜರ್ ಪಾತ್ರ ಮಾಡಿದ ಕಾನ್ರಾಡ್ ವೈಟ್ ಕೂಡ ನಾಜಿಗಳ ಕಾಟಕ್ಕೆ ಜರ್ಮನಿ ಬಿಟ್ಟವರೇ.

ಹಾಡಿಗೆ ಶಿಕ್ಷೆ ಏನು? ಹೋಟೆಲಿಗೆ ಬೀಗ. ಕಾರಣ ಬೇಕಲ್ಲ? "ಇಲ್ಲಿ ಜೂಜು ನಡೀತಿದೆ ಅಂತ ಗೊತ್ತಾಗಿ ದಂಗಾಗಿಹೋದೆ" ಅನ್ನುತ್ತಾನೆ ಪೊಲೀಸ್ ಸಾಹೇಬ. ಆ ಹೊತ್ತಿಗೆ ಸರಿಯಾಗಿ ಹೋಟೆಲಿನವನೊಬ್ಬ ಬಂದು, ಸಾಹೇಬ ಅದೇ ಜೂಜಿನಲ್ಲಿ ಗೆದ್ದ ದುಡ್ಡನ್ನು ಅವನ ಕೈಗೆ ಕೊಡುತ್ತಾನೆ. ಇದಕ್ಕೆ ಮಕ್ಕಳು ನಗುತ್ತಾರೆ. ನೀವು ಇನ್ನೂ ಜಾಸ್ತಿ ನಗುತ್ತೀರಿ.

ನಮ್ಮಲ್ಲೂ ಹೀಗೇ ನಡೆದಿತ್ತು. 1943ರ ಹಿಂದಿ ಸಿನಿಮಾ 'ಕಿಸ್ಮತ್'ನಲ್ಲಿ, ದೂರ ಹೋಗಿ, ಹಿಂದೂಸ್ತಾನ ನಮ್ಮದು ಅನ್ನುವ ಹಾಡು. ಬರೆದವರು ಕವಿ ಪ್ರದೀಪ್, ಸಂಗೀತ ಅನಿಲ್ ಬಿಸ್ವಾಸ್. ಬ್ರಿಟಿಷರ ಸೆನ್ಸಾರ್ ದಾಟಬೇಕಲ್ಲ, ಜರ್ಮನರಿಗೂ ಜಪಾನಿಯರಿಗೂ ತಲೆಬಾಗಬೇಡಿ ಅಂತ ಒಂದು ಸಾಲು ಸೇರಿಸಿದ್ದರು. ಯಾರಿಗೆ ಹೇಳಿದ್ದು ಅಂತ ಟಾಕೀಸಿನಲ್ಲಿ ಕೂತವರಿಗೆಲ್ಲ ಗೊತ್ತಿತ್ತು. ರೀಲು ಹಿಂದಕ್ಕೆ ತಿರುಗಿಸಿ ಇನ್ನೊಮ್ಮೆ ಹಾಕಿ ಅಂತ ಜನ ಕೂಗುತ್ತಿದ್ದರಂತೆ.

ಸತ್ಯಜಿತ್ ರಾಯ್ ಅವರ 'ಹೀರಕ್ ರಾಜಾರ್ ದೇಶೆ' (1980) ಎಂಟನೇ ತರಗತಿಯವರಿಗೆ. ರಾಜ ಶಾಲೆ ಮುಚ್ಚಿಸುತ್ತಾನೆ, ಪುಸ್ತಕ ಸುಡಿಸುತ್ತಾನೆ. ಜಾಸ್ತಿ ಓದಿದಷ್ಟೂ ಜನ ಹೇಳಿದ ಮಾತು ಕೇಳಲ್ಲ ಅನ್ನುವುದು ಅವನ ಲೆಕ್ಕ. ಮೇಷ್ಟ್ರು, ಮಕ್ಕಳು, ಹಾಡುಗಾರ ಗೂಪಿ, ಡೋಲಿನ ಬಾಘಾ ಸೇರಿ ಅವನನ್ನು ಬೀಳಿಸುತ್ತಾರೆ. ಕೊನೆಗೆ ತನ್ನ ಪ್ರತಿಮೆಯ ಹಗ್ಗವನ್ನು ರಾಜ ತಾನೇ ಎಳೆಯುತ್ತಾನೆ! ತಮಿಳಿನ 'ಸರ್ವಂ ತಾಳ ಮಯಂ' ಒಂಬತ್ತನೆಯವರಿಗೆ. ಮೃದಂಗ ಮಾಡುವವರ ಮನೆಯ ಹುಡುಗ ಮೃದಂಗ ನುಡಿಸಲು ಕಲಿಯಬೇಕು ಅನ್ನುತ್ತಾನೆ. ಚರ್ಮ ಹದಮಾಡಿ ಕಟ್ಟುವ ಕೈ ಬೇಕು, ಆದರೆ ಅದೇ ಕೈ ವೇದಿಕೆಯ ಮೇಲೆ ಬೇಡ. ನಮ್ಮ ಸೀಮೆಯಲ್ಲಿ ಉರುಮೆ, ತಮಟೆ ಇಲ್ಲದೆ ಒಂದು ಉತ್ಸವ ಹೊರಡುವುದಿಲ್ಲ. ಬಾರಿಸುವವರನ್ನು ಎಲ್ಲಿ ನಿಲ್ಲಿಸುತ್ತೇವೆ ಅನ್ನುವುದು ನಿಮಗೆ ಗೊತ್ತೇ ಇದೆ.

ಇನ್ನೊಂದು ಸಿನಿಮಾ ಬಗ್ಗೆ ಅಪ್ಪಂದಿರಿಗೆ ಮೊದಲೇ ಹೇಳಿಬಿಡುತ್ತೇನೆ. 2017ರ ಹಿಂದಿಯ 'ಸೀಕ್ರೆಟ್ ಸೂಪರ್‌ಸ್ಟಾರ್'. ವಡೋದರಾದ ಹುಡುಗಿ ಇನ್ಸಿಯಾಗೆ ಹಾಡಿನ ಹುಚ್ಚು. ಅಪ್ಪನಿಗೆ ಅದು ಕಂಡರಾಗದು. ಅಮ್ಮ ತನ್ನ ಸರ ಮಾರಿ ಲ್ಯಾಪ್‌ಟಾಪ್ ಕೊಡಿಸುತ್ತಾಳೆ. ಮಗಳು ಬುರ್ಖಾ ಹಾಕಿಕೊಂಡು, ಮುಖ ಕಾಣದ ಹಾಗೆ ಹಾಡಿ ಯೂಟ್ಯೂಬಿಗೆ ಹಾಕುತ್ತಾಳೆ. ಗೊತ್ತಾದ ಮೇಲೆ ಅಪ್ಪ ಆ ಲ್ಯಾಪ್‌ಟಾಪನ್ನು ಅವಳ ಕೈಯಿಂದಲೇ ಕಿಟಕಿಯ ಹೊರಗೆ ಎಸೆಸುತ್ತಾನೆ. ಕೊನೆಗೆ ವಿಮಾನ ನಿಲ್ದಾಣದಲ್ಲಿ, ಲಗೇಜು ಜಾಸ್ತಿಯಾಯಿತು, ಗಿಟಾರ್ ಬಿಸಾಕು ಅನ್ನುತ್ತಾನೆ. ಅಷ್ಟು ವರ್ಷ ಏಟು ತಿಂದುಕೊಂಡು ಬಂದ ಅಮ್ಮ ಅವತ್ತು ಆಗಲ್ಲ ಅನ್ನುತ್ತಾಳೆ. ಹಾಡಿದ್ದು ಮಗಳು, ಎದುರು ನಿಂತದ್ದು ಅಮ್ಮ. ಕೆಲವು ಮಕ್ಕಳಿಗೆ ಇದು ತಮ್ಮ ಮನೆಯದೇ ಕತೆ ಅನ್ನಿಸಬಹುದು. ಅವತ್ತು ತರಗತಿ ಶಿಕ್ಷಕಿಯರು ಸಂಜೆಯವರೆಗೂ ಶಾಲೆಯಲ್ಲಿ ಇರುತ್ತಾರೆ. ಮಕ್ಕಳ ಸಹಾಯವಾಣಿ 1098 ಬೋರ್ಡಿನ ಮೇಲೆ ಬರೆದಿರುತ್ತದೆ.

ನೋಡಿ, ಈ ಸಿನಿಮಾಗಳಲ್ಲಿ ಹಾಡು ಯಾರ ವಿರುದ್ಧ ಅಂತ ಕೇಳಿದರೆ ದೊರೆ, ಸೈನ್ಯ ಎಲ್ಲ ಸರಿ. ಅವರ ಜೊತೆಗೆ ಹೆಡ್‌ಮಾಸ್ಟರೂ ಇದ್ದಾನೆ, ಅಪ್ಪನೂ ಇದ್ದಾನೆ. ಅಂದರೆ ನಾನು, ನೀವು. ಡಬ್ಲಿನ್‌ನ ಹುಡುಗರು ಬ್ಯಾಂಡ್ ಕಟ್ಟುವ 'ಸಿಂಗ್ ಸ್ಟ್ರೀಟ್' (2016) ಅನ್ನುವ ಸಿನಿಮಾದಲ್ಲಿ ಹುಡುಗ ಕಂದು ಬಣ್ಣದ ಶೂ ಹಾಕಿಕೊಂಡು ಬಂದ, ಕಪ್ಪು ಶೂ ಅಲ್ಲ ಅನ್ನುವುದೇ ಪ್ರಿನ್ಸಿಪಾಲರಿಗೆ ದೊಡ್ಡ ವಿಷಯ. ಭಾಷೆ ಒರಟಾಗಿದೆ, ಮಕ್ಕಳಿಗೆ ತೋರಿಸುತ್ತಿಲ್ಲ. ನಮ್ಮ ಶಾಲೆಯಲ್ಲೂ ಕಪ್ಪು ಶೂ ಕಡ್ಡಾಯ. ಅದು ಹಾಗೇ ಇರುತ್ತದೆ. ಆದರೆ ಹುಡುಗ ಯಾವ ಶೂ ಹಾಕಿದ್ದಾನೆ ಅಂತ ನೋಡುವ ಮೊದಲು ಅವನ ಮನೆಯಲ್ಲಿ ಬೇರೆ ಜೊತೆ ಇದೆಯೇ ಅಂತ ಕೇಳಿ ಅಂತ ಸಹಶಿಕ್ಷಕರಿಗೆ ಹೇಳಿದ್ದೇನೆ.

ಅದಕ್ಕೇ ನೀವೂ ಬನ್ನಿ ಅನ್ನುತ್ತಿದ್ದೇನೆ. ಮಕ್ಕಳು ಒಬ್ಬರೇ ನೋಡಿದರೆ ಅಪ್ಪ ಅಂದರೆ ಹೀಗೇ ಅಂದುಕೊಂಡು ಮನೆಗೆ ಬರುತ್ತಾರೆ. ಪಕ್ಕದಲ್ಲಿ ನೀವು ಕೂತಿದ್ದರೆ, ಸಿನಿಮಾ ಮುಗಿದ ಮೇಲೆ "ನಾನೂ ಹಂಗೆ ಮಾಡ್ತೀನಾ?" ಅಂತ ನೀವೇ ಕೇಳಬಹುದು. ಉತ್ತರ ಏನು ಬರುತ್ತೋ, ಅದಕ್ಕೆ ಶಾಲೆ ಜವಾಬ್ದಾರಿಯಲ್ಲ.

ಅಜ್ಜಿಯರನ್ನೂ ಕರೆತನ್ನಿ. ಬೀಸುವ ಪದ, ಸೋಬಾನೆ ಪದ ಬರುವವರು ನಿಮ್ಮ ಮನೆಗಳಲ್ಲಿ ಇನ್ನೂ ಇದ್ದಾರೆ. ಬೆಳಗಿನ ಜಾವ ಕಲ್ಲಿನ ಸದ್ದಿನ ಮರೆಯಲ್ಲಿ ಅತ್ತೆಯ ಮೇಲೆ, ಗಂಡನ ಮೇಲೆ, ದೂರದೂರಿಗೆ ಕೊಟ್ಟ ತವರಿನ ಮೇಲೆ ಎಷ್ಟೊಂದು ಹಾಡಿಬಿಟ್ಟಿದ್ದಾರೆ! ಬಾಯಿಬಿಟ್ಟು ಹೇಳಿದ್ದರೆ ಮನೆಯಲ್ಲಿ ರಂಪವಾಗುತ್ತಿತ್ತು. ಹಾಡಿದರೆ ಯಾರೂ ಏನೂ ಅನ್ನುವ ಹಾಗಿರಲಿಲ್ಲ. ಅಂಥ ಒಂದೊಂದು ಪದವನ್ನು ಮಕ್ಕಳು ಮನೆಯಿಂದ ಬರೆದುಕೊಂಡು ಬರಬೇಕು, ಈ ತಿಂಗಳ ಕನ್ನಡ ಚಟುವಟಿಕೆ ಅದೇ. ವಾರ್ಷಿಕೋತ್ಸವದಲ್ಲಿ ಈ ಸಲ ಡಿಜೆ ಬಾಕ್ಸ್ ಇರುವುದಿಲ್ಲ. ಮಕ್ಕಳು ತಂದ ಪದಗಳಲ್ಲಿ ಕೆಲವನ್ನು ಮಕ್ಕಳೇ ಹಾಡುತ್ತಾರೆ. ಈ ನಿರ್ಧಾರದ ಮೇಲೆ ಹತ್ತನೇ ತರಗತಿಯವರು ಆಗಲೇ ನನ್ನ ವಿರುದ್ಧ ಒಂದು ಅರ್ಜಿ ಕೊಟ್ಟಿದ್ದಾರೆ. ಓದಿದ್ದೇನೆ, ಮುಂದಿನ ವಾರ ಅವರನ್ನು ಕರೆದು ಮಾತಾಡುತ್ತೇನೆ.

ಉಳಿದ ವಿಷಯ. ಸಿನಿಮಾ ಸ್ಮಾರ್ಟ್ ಕ್ಲಾಸ್ ಕೋಣೆಯಲ್ಲಿ, ಬಿಸಿಯೂಟ ಆದ ಮೇಲೆ ಶುರು. ಬೇರೆ ಭಾಷೆಯ ಸಿನಿಮಾಗಳಿಗೆ ಕೆಳಗೆ ಇಂಗ್ಲಿಷ್ ಅಕ್ಷರ ಬರುತ್ತದೆ. ಇಂಗ್ಲಿಷ್ ಮೇಡಂ ಆಗಾಗ ನಿಲ್ಲಿಸಿ ಕನ್ನಡದಲ್ಲಿ ಹೇಳುತ್ತಾರೆ. ಹಾಗಾಗಿ ಮುಗಿಯುವುದು ತಡವಾಗುತ್ತದೆ. ಹಳ್ಳಿ ಬಸ್ಸಿಗೆ ಹೋಗುವ ಮಕ್ಕಳನ್ನು ಮೊದಲು ಬಿಡುತ್ತೇವೆ, ಅವರಿಗೆ ಉಳಿದ ಭಾಗ ಸೋಮವಾರ. ನೀರಿನ ಬಾಟಲಿ ಕೊಟ್ಟು ಕಳಿಸಿ, ಮಧ್ಯಾಹ್ನ ಕೋಣೆಯೊಳಗೆ ಬಿಸಿಲಿನ ಝಳ ಇರುತ್ತದೆ. ಯಾವುದಾದರೂ ಒಂದು ಸಿನಿಮಾ ಬೇಡ ಅನ್ನಿಸಿದರೆ ಚೀಟಿಯ ಹಿಂದೆ ಅದರ ಹೆಸರು ಬರೆಯಿರಿ, ಸಾಕು. ಆ ಮಕ್ಕಳಿಗೆ ಆ ಹೊತ್ತಿನಲ್ಲಿ ಗ್ರಂಥಾಲಯ ತೆರೆದಿರುತ್ತದೆ. ಚೀಟಿಗಳು ಶುಕ್ರವಾರದೊಳಗೆ ತರಗತಿ ಶಿಕ್ಷಕರ ಕೈ ಸೇರಲಿ.

ಇಂತಿ ನಿಮ್ಮ,
ಮುಖ್ಯ ಶಿಕ್ಷಕಿ
ಚಿತ್ರದುರ್ಗ