ಬಾಟಲಿಯ ಮೇಲಿನ ಬಂಡೆ ತೆಗೆದಿದ್ದೇವೆ

ಪ್ರೀತಿಯ ಗ್ರಾಹಕರಿಗೆ,

ನಮಸ್ಕಾರ. ಈ ಸಲ ಜೇನುತುಪ್ಪದ ಬಾಟಲಿ ಕೈಗೆ ಬಂದಾಗ, ಇದು ಬೇರೆ ಯಾರದ್ದೋ ಇರಬೇಕು ಅಂದುಕೊಳ್ಳಬೇಡಿ. ತುಪ್ಪ ಅದೇ, ದರವೂ ಅದೇ. ಚೀಟಿ ಮಾತ್ರ ಬದಲಾಗಿದೆ. ಯಾಣದ ಬಂಡೆಯ ಚಿತ್ರ ತೆಗೆದಿದ್ದೇವೆ. ‘ಯಾಣದ ಜೇನು’ ಎಂದಿದ್ದ ಜಾಗದಲ್ಲಿ ಈಗ ‘ತುಡುವೆ ಜೇನು, ಪೆಟ್ಟಿಗೆಯದು’ ಎಂದಿದೆ. ತುಡುವೆ ಅಂದರೆ ಪೆಟ್ಟಿಗೆಯಲ್ಲಿ ಸಾಕುವ ಜೇನುಹುಳು.

ಯಾಕೆ ಅಂತ ಹೇಳಬೇಕಲ್ಲ. ಹೋದ ಬೇಸಿಗೆಯಲ್ಲಿ ಒಂದು ಕುಟುಂಬ ಬಂಡೆ ನೋಡಿಕೊಂಡು ನೇರ ನಮ್ಮ ಮನೆಗೇ ಬಂತು. “ಅಷ್ಟು ಎತ್ತರದಿಂದ ಜೇನು ಇಳಿಸೋದು ಹೇಗೆ, ನೋಡಬೇಕಿತ್ತು” ಎಂದರು. ತೋಟದ ಅಂಚಿನಲ್ಲಿ ಇಟ್ಟ ಪೆಟ್ಟಿಗೆಗಳನ್ನು ತೋರಿಸಿದೆವು. ಅವರ ಮುಖ ಸಣ್ಣಗಾಯಿತು. ಚಹಾ ಕುಡಿದರು, ಬಾಟಲಿ ತಗೊಳ್ಳಲಿಲ್ಲ. ಅವರದೇನೂ ತಪ್ಪಿಲ್ಲ. ಚೀಟಿಯಲ್ಲಿ ಸುಳ್ಳು ಅಕ್ಷರ ಒಂದೂ ಇರಲಿಲ್ಲ ನಿಜ, ಆದರೆ ಚಿತ್ರವೇ ಸಾಕಾಗಿತ್ತು.

ಯಾಣಕ್ಕೆ ಬಂದವರಿಗೆ ಗೊತ್ತು. ಭೈರವೇಶ್ವರ ಶಿಖರ ಸುಮಾರು 120 ಮೀಟರ್, ಪಕ್ಕದ ಮೋಹಿನಿ ಶಿಖರ 90. ಕಪ್ಪು ಸುಣ್ಣಕಲ್ಲು. ಕತ್ತೆತ್ತಿದರೆ ಮೇಲೆಲ್ಲೋ ಹೆಜ್ಜೇನಿನ ಎರಿ, ಅಂದರೆ ಗೂಡಿನ ಮೇಣದ ತಟ್ಟೆ, ತೂಗುತ್ತಿರುತ್ತದೆ. ಹೆಜ್ಜೇನು ಮರೆಯಿಲ್ಲದ ತೆರೆದ ಜಾಗದಲ್ಲೇ ಒಂದು ದೊಡ್ಡ ಎರಿ ಕಟ್ಟುತ್ತದೆ, ಹೂವಿನ ಕಾಲ ಮುಗಿದರೆ ಜಾಗ ಬಿಡುತ್ತದೆ. ಪೆಟ್ಟಿಗೆಗೆ ಒಗ್ಗುವ ಜಾತಿಯೇ ಅಲ್ಲ. ತುಡುವೆಗೆ ಕತ್ತಲೆ ಬೇಕು. ಮರದ ಪೊಟರೆಯೊಳಗೆ ಸಾಲಾಗಿ ಹಲವು ಎರಿ ಕಟ್ಟುತ್ತದೆ. ನಮ್ಮ ಪೆಟ್ಟಿಗೆಯೂ ಅದರ ಲೆಕ್ಕಕ್ಕೆ ಒಂದು ಪೊಟರೆ, ಅಷ್ಟೇ.

ಇನ್ನೊಂದು ಭಯವೂ ಇತ್ತು. “ಬಂಡೆ ಜೇನೇ ಕೊಡಿ, ಎರಡು ಪಟ್ಟು ಕೊಡ್ತೇವೆ” ಎಂದು ಕೇಳುವವರು ಜಾಸ್ತಿಯಾದರು. ದುಡ್ಡಿನಾಸೆಗೆ ಯಾರಾದರೂ ಅಲ್ಲಿ ಹೊಗೆ ಹಾಕಿದರೆ? ಕೆಳಗೆ ದೇವಸ್ಥಾನವಿದೆ, ಶಿವರಾತ್ರಿಗೆ ಜನವೋ ಜನ. ‘ಸೊಕ್ಕಿದ್ದವರು ಯಾಣಕ್ಕೆ, ರೊಕ್ಕಿದ್ದವರು ಗೋಕರ್ಣಕ್ಕೆ’ ಅಂತ ನಮ್ಮ ಕಡೆ ಗಾದೆ. ರಸ್ತೆಯಾದ ಮೇಲೆ ಸೊಕ್ಕೇನೂ ಬೇಕಾಗಿಲ್ಲ, ಕಾರು ಸಾಕು. ಆದರೆ ಸಿಟ್ಟಿಗೆದ್ದ ಹೆಜ್ಜೇನಿನ ಮುಂದೆ ಯಾವ ಸೊಕ್ಕೂ ನಡೆಯೋದಿಲ್ಲ.

ಪೆಟ್ಟಿಗೆ ಜೇನು ಅಂದರೆ ಕಡಿಮೆ ಅಂತ ಕೆಲವರಿಗೆ ಅನಿಸುತ್ತದೆ. ಈ ಮಾತು ನಮಗೆ ಬೇಸರ. 1990ರ ದಶಕದ ಶುರುವಿನಲ್ಲಿ ಥಾಯ್ ಸ್ಯಾಕ್‌ಬ್ರೂಡ್ ಎಂಬ ವೈರಸ್ ರೋಗ ಬಂದು ದಕ್ಷಿಣ ಭಾರತದ ತುಡುವೆ ಕುಟುಂಬಗಳು ರಾಶಿ ರಾಶಿ ಸತ್ತವು. ಮರಿಹುಳುಗಳು ನೀರು ತುಂಬಿದ ಚೀಲದ ಹಾಗೆ ಆಗಿ ಸಾಯುತ್ತಿದ್ದವು. ಅಪ್ಪನ ಪೆಟ್ಟಿಗೆಗಳೂ ಖಾಲಿಯಾದವು. ಆಮೇಲೆ ಕಾಡಿನಿಂದ ಒಂದೊಂದೇ ಕುಟುಂಬ ಹಿಡಿದು ತಂದು ಮತ್ತೆ ಕೂರಿಸಿದ್ದು. ಜೇನು ಮೇಯುವುದು ಈಗಲೂ ಅದೇ ಕಾಡಿನಲ್ಲಿ. ನೇರಳೆ ಹೂವಿನ ಕಾಲದ ತುಪ್ಪ ತುಸು ಕಹಿ ಬರುತ್ತದೆ, ಅದನ್ನು ಕಲಬೆರಕೆ ಅನ್ನಬೇಡಿ.

ಹಳೆಯ ಚೀಟಿಯ ಬಾಟಲಿಗಳು ಇನ್ನೂ ಒಂದಿಷ್ಟು ಉಳಿದಿವೆ. ಸುಮ್ನೆ ಯಾಕೆ ಹಾಳು ಮಾಡೋದು ಅಂತ ಅದರ ಮೇಲೇ ಹೊಸದನ್ನು ಅಂಟಿಸಿದ್ದೇವೆ. ಅಂಚಿನಲ್ಲಿ ಬಂಡೆಯ ತುದಿ ಇಣುಕಿದರೆ ಬೇಜಾರಾಗಬೇಡಿ. ತುಡುವೆ ತುಪ್ಪ ತೆಳು, ನೀರಿನಂಶ ಜಾಸ್ತಿ. ಒದ್ದೆ ಚಮಚ ಹಾಕಬೇಡಿ. ಮಳೆಗಾಲದಲ್ಲಿ ಮುಚ್ಚಳ ‘ಟಪ್’ ಎಂದರೆ ಹುಳಿಯುತ್ತಿದೆ ಅಂತ. ಹಾಗಾದರೆ ವಾಪಸ್ ಕಳಿಸಿ, ಬೇರೆ ಕೊಡುತ್ತೇವೆ.

ಇತಿ ನಿಮ್ಮ,
ಯಾಣದ ಹತ್ತಿರದ ಜೇನಿನ ಮನೆಯವರು