180 ಕಂತಿನ ಸಾಲಕ್ಕೆ 229 ಕಂತು ಬಾಕಿ: ತುಮಕೂರು ಜಿಲ್ಲಾಧಿಕಾರಿಗಳಿಗೆ ಒಂದು ಬಹಿರಂಗ ಪತ್ರ

ಮಾನ್ಯ ಜಿಲ್ಲಾಧಿಕಾರಿಗಳಿಗೆ ನಮಸ್ಕಾರಗಳು.

ತುಮಕೂರು ತಾಲ್ಲೂಕಿನ ಪ್ರೌಢಶಾಲೆಗಳಲ್ಲಿ ಮೂವತ್ತೊಂದು ವರ್ಷ ಗಣಿತ ಕಲಿಸಿ ನಿವೃತ್ತಳಾದವಳು ನಾನು. ಗೃಹಸಾಲದ ವಿಷಯವಾಗಿ ತಮ್ಮಲ್ಲಿ ಒಂದು ಕೋರಿಕೆಯಿದೆ. ಬಡ್ಡಿದರ ಇಳಿಸುವುದು ಜಿಲ್ಲಾಡಳಿತದ ಕೈಯಲ್ಲಿಲ್ಲ, ಬ್ಯಾಂಕುಗಳು ನಡೆಯುವುದು ರಿಸರ್ವ್ ಬ್ಯಾಂಕಿನ ನಿಯಮದಂತೆ ಎಂಬುದು ನನಗೆ ಗೊತ್ತು. ಅಂಥದ್ದನ್ನು ನಾನು ಕೇಳುತ್ತಿಲ್ಲ. ತಮ್ಮ ಅಧ್ಯಕ್ಷತೆಯಲ್ಲಿ ಮೂರು ತಿಂಗಳಿಗೊಮ್ಮೆ ನಡೆಯುವ ಬ್ಯಾಂಕರುಗಳ ಸಭೆಯಲ್ಲಿ ಆಗಬಹುದಾದ ಕೆಲಸವನ್ನಷ್ಟೇ ಕೇಳುತ್ತಿದ್ದೇನೆ. ಅದಕ್ಕೆ ಮೊದಲು ಒಂದು ಮನೆಯ ಲೆಕ್ಕವನ್ನು ತಮ್ಮ ಮುಂದಿಡಬೇಕು.

2023ರ ಏಪ್ರಿಲ್‌ನ ಒಂದು ಸಂಜೆ ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಹೆಂಡತಿಯೊಂದಿಗೆ ಮನೆಗೆ ಬಂದ. ವಸಂತನರಸಾಪುರದ ಕಾರ್ಖಾನೆಯೊಂದರಲ್ಲಿ ಅವನಿಗೆ ಕೆಲಸ. ಪಾಳಿ ಮುಗಿಸಿ ನೇರವಾಗಿ ಬಂದಿದ್ದ, ಸಮವಸ್ತ್ರವನ್ನೂ ಬದಲಿಸಿರಲಿಲ್ಲ. ಮರಳೂರು ಕಡೆ ಮೂವತ್ತು ನಲವತ್ತರ ನಿವೇಶನದಲ್ಲಿ ಮನೆ ಕಟ್ಟಲು 2021ರ ಆಗಸ್ಟ್‌ನಲ್ಲಿ 25 ಲಕ್ಷ ರೂಪಾಯಿ ಸಾಲ ಮಾಡಿದ್ದ. ಬಡ್ಡಿ ಶೇಕಡ 6.9, ಅವಧಿ ಹದಿನೈದು ವರ್ಷ, ತಿಂಗಳಿಗೆ 22,331 ರೂಪಾಯಿಯ 180 ಕಂತು. ಆಗ ಅವನಿಗೆ ನಲವತ್ತೊಂದು ವರ್ಷ. ಐವತ್ತಾರಕ್ಕೆ ಸಾಲ ತೀರುತ್ತದೆ, ಐವತ್ತೆಂಟಕ್ಕೆ ನಿವೃತ್ತಿ, ನಡುವಿನ ಎರಡು ವರ್ಷದ ಸಂಬಳ ಮಗಳ ಮದುವೆಗೆ ಎಂದು ಗಂಡ ಹೆಂಡತಿ ಕೂತು ಯೋಚಿಸಿಯೇ ಹದಿನೈದು ವರ್ಷ ಎಂದು ಆರಿಸಿಕೊಂಡಿದ್ದರು.

ಆ ಹೆಣ್ಣುಮಗಳು ಒಂದು ಪದ್ಧತಿ ಇಟ್ಟುಕೊಂಡಿದ್ದಳು. ಅಡುಗೆಮನೆಯ ಕ್ಯಾಲೆಂಡರಿನಲ್ಲಿ ಹಾಲಿನ ಲೆಕ್ಕ ಬರೆಯುವ ಮೂಲೆಯಲ್ಲೇ, ಕಂತು ಕಡಿತವಾದ ದಿನ ಉಳಿದ ಕಂತಿನ ಸಂಖ್ಯೆಯನ್ನು ಬರೆಯುತ್ತಿದ್ದಳು. 180 ಇದ್ದದ್ದು 179, 178. ಮಾರ್ಚ್ ಹಾಳೆಯಲ್ಲಿ 161 ಎಂದಿತ್ತು. ಅದನ್ನು ಹರಿದು, ಮಡಿಸಿ, ನನಗೆ ತೋರಿಸಲು ತಂದಿದ್ದಳು. ಆದಾಯ ತೆರಿಗೆಗೆಂದು ಅವನು ಬ್ಯಾಂಕಿನಿಂದ ಪಡೆದ ಪಟ್ಟಿಯಲ್ಲಿ ಉಳಿದ ಕಂತು 229 ಎಂದಿತ್ತು. "ಮೇಡಂ, ಎಲ್ಲೋ ತಪ್ಪಾಗಿದೆ. ಹತ್ತೊಂಬತ್ತು ಕಂತು ಕಟ್ಟಿದ್ದೇವೆ, ಒಂದೂ ತಪ್ಪಿಸಿಲ್ಲ" ಎಂದು ಆಕೆ ಎರಡು ಹಾಳೆಗಳನ್ನೂ ಮೇಜಿನ ಮೇಲೆ ಪಕ್ಕಪಕ್ಕದಲ್ಲಿಟ್ಟಳು.

ನಾನು ಲೆಕ್ಕ ಹಾಕಿದೆ. ತಪ್ಪಿರಲಿಲ್ಲ.

ಬ್ಯಾಂಕುಗಳಿಗೆ ತಾನು ಕೊಡುವ ಅಲ್ಪಾವಧಿ ಸಾಲಕ್ಕೆ ರಿಸರ್ವ್ ಬ್ಯಾಂಕು ಹಾಕುವ ಬಡ್ಡಿಯಾದ ರೆಪೊ ದರ 2020ರ ಮೇ ತಿಂಗಳಿಂದ ಎರಡು ವರ್ಷ ಶೇಕಡ 4ರಲ್ಲೇ ನಿಂತಿತ್ತು. 2022ರ ಮೇ ತಿಂಗಳಲ್ಲಿ ಏರತೊಡಗಿದ್ದು 2023ರ ಫೆಬ್ರುವರಿಗೆ 6.5 ಮುಟ್ಟಿತು. 2019ರ ಅಕ್ಟೋಬರ್‌ನಿಂದೀಚೆಗೆ ಬ್ಯಾಂಕುಗಳು ಕೊಟ್ಟ ಫ್ಲೋಟಿಂಗ್ ಬಡ್ಡಿಯ, ಅಂದರೆ ದರ ಏರಿಳಿಯುವ, ಗೃಹಸಾಲಗಳು ಹೆಚ್ಚಾಗಿ ಈ ರೆಪೊ ದರಕ್ಕೇ ಜೋಡಣೆಯಾಗಿವೆ. ಅವನ ಬಡ್ಡಿಯೂ ಹಂತಹಂತವಾಗಿ 6.9ರಿಂದ 9.4ಕ್ಕೆ ಹೋಯಿತು. ಆದರೆ ಕಂತು ಮಾತ್ರ ಅದೇ 22,331. ಏರಿದ ಬಡ್ಡಿ ಕಂತಿನಲ್ಲಿ ಕಾಣಿಸಿಕೊಳ್ಳದೆ ಅವಧಿಯೊಳಗೆ ಸೇರಿಕೊಂಡಿತು. ಹತ್ತೊಂಬತ್ತು ತಿಂಗಳಲ್ಲಿ ಅವನು ಕಟ್ಟಿದ್ದು 4 ಲಕ್ಷ 24 ಸಾವಿರ, ಅಸಲಿನಲ್ಲಿ ಕಡಿಮೆಯಾದದ್ದು 1 ಲಕ್ಷ 28 ಸಾವಿರ. ಬಡ್ಡಿ ಅಲ್ಲಿಯೇ ನಿಂತರೆ ಹದಿನೈದು ವರ್ಷದ ಸಾಲ ತೀರಲು ಇಪ್ಪತ್ತು ವರ್ಷ ಎಂಟು ತಿಂಗಳು ಬೇಕು. ಅಷ್ಟು ಹೊತ್ತಿಗೆ ಅವನಿಗೆ ಅರವತ್ತೆರಡು ಹತ್ತಿರವಾಗಿರುತ್ತದೆ, ಸಂಬಳ ನಿಂತು ಮೂರೂವರೆ ವರ್ಷ ದಾಟಿರುತ್ತದೆ.

ಇನ್ನೊಂದು ಲೆಕ್ಕವನ್ನೂ ಅಂದೇ ಮಾಡಿದೆ. ಅವಧಿಯನ್ನು ಮುಟ್ಟದೆ ಕಂತನ್ನೇ ಏರಿಸಿದ್ದರೆ ತಿಂಗಳಿಗೆ 25,971 ರೂಪಾಯಿ ಆಗುತ್ತಿತ್ತು, ಅಂದರೆ 3,640 ಹೆಚ್ಚು. ಅದೇ ಬಡ್ಡಿದರ ಮುಂದುವರಿದರೆ ಒಟ್ಟು ಪಾವತಿಯಲ್ಲಿ ಒಂಬತ್ತು ಲಕ್ಷಕ್ಕೂ ಮಿಕ್ಕಿ ಉಳಿತಾಯ. ಅದನ್ನು ಕೇಳಿ ಆಕೆ ಗಂಡನ ಮುಖ ನೋಡಿ, "ಹೇಗಾದರೂ ಹೊಂದಿಸುತ್ತಿದ್ದೆವು. ನಮ್ಮನ್ನು ಯಾರೂ ಕೇಳಲೇ ಇಲ್ಲ" ಎಂದಳು. ಬ್ಯಾಂಕಿನಲ್ಲಿ ವಿಚಾರಿಸಿದಾಗ ಅವರಿಗೆ ಸಿಕ್ಕಿದ್ದ ಉತ್ತರ, "ಕಂತು ಏರಿಲ್ಲವಲ್ಲ, ನಿಮಗೆ ಅನುಕೂಲವೇ ಆಯಿತು" ಎಂಬುದು. ಆ ಸಿಬ್ಬಂದಿಯನ್ನು ನಾನು ದೂರುವುದಿಲ್ಲ. ಕೌಂಟರಿನ ಮುಂದೆ ನಲವತ್ತು ಜನ ನಿಂತಿರುವಾಗ ಅವರಾದರೂ ಎಷ್ಟು ಬಿಡಿಸಿ ಹೇಳಿಯಾರು? ಆದರೆ ಒಂದು ಸಂಸಾರದ ಐದು ವರ್ಷ ಎಂಟು ತಿಂಗಳ ದುಡಿಮೆ ಅವರಿಗೇ ಗೊತ್ತಿಲ್ಲದಂತೆ ಬರೆದುಹೋಗಿದ್ದು ನನ್ನ ಮನಸ್ಸಿನಿಂದ ಇವತ್ತಿಗೂ ಇಳಿದಿಲ್ಲ.

ನಮ್ಮ ಜನಕ್ಕೆ ಲೆಕ್ಕ ಬರುವುದಿಲ್ಲ ಎಂದು ಯಾರಾದರೂ ಹೇಳಿದರೆ ನಾನು ಒಪ್ಪುವುದಿಲ್ಲ. ನಮ್ಮ ಬೀದಿಯಲ್ಲಿ ಚೀಟಿ ನಡೆಸುವ ಹೆಂಗಸರು ಐದನೆಯ ತಿಂಗಳಲ್ಲಿ ಚೀಟಿ ಎತ್ತಿದರೆ ಕೈಗೆಷ್ಟು ಬರುತ್ತದೆ, ಹದಿನೈದನೆಯ ತಿಂಗಳವರೆಗೆ ಕಾದರೆ ಎಷ್ಟು ಎಂದು ಕಾಗದವಿಲ್ಲದೆ ಹೇಳುತ್ತಾರೆ. ಅದು ಸಣ್ಣ ಗಣಿತವಲ್ಲ. ತಿಪಟೂರಿಗೆ ಕೊಬ್ಬರಿ ಒಯ್ಯುವ ರೈತ ಕ್ವಿಂಟಲಿನ ಬೆಲೆ, ತೂಕದ ಕಳೆತ, ಗಾಡಿ ಬಾಡಿಗೆ ಎಲ್ಲವನ್ನೂ ದಾರಿಯಲ್ಲೇ ಕೂಡಿ ಕಳೆದು ಮುಗಿಸುತ್ತಾನೆ. ಇಂಥವರ ಮುಂದೆ ಬ್ಯಾಂಕು ಇಡುವುದು ಇಂಗ್ಲಿಷಿನ ಕಟ್ಟು ಕಾಗದ. ಸಹಿ ಬೀಳಬೇಕಾದ ಕಡೆಗೆಲ್ಲ ಪೆನ್ಸಿಲ್ಲಿನ ಗುರುತು. ಹಾಳೆ ತಿರುವುವ ಕೈ ಒಬ್ಬರದು, ಸಹಿ ಹಾಕುವ ಕೈ ಇನ್ನೊಬ್ಬರದು. ಜೊತೆ ಅರ್ಜಿದಾರಳೆಂದು ಸಹಿ ಹಾಕಿದ ತಾಯಿಗೆ ತಾನು ಯಾವುದಕ್ಕೆ ಹೊಣೆಯಾದೆ ಎಂಬುದೂ ತಿಳಿದಿರುವುದಿಲ್ಲ.

ಗೃಹಸಾಲದ ನಿಜವಾದ ಬೆಲೆ ಅಡಗಿರುವುದು ಅವಧಿಯಲ್ಲಿ. ಬಿ.ಎಚ್. ರಸ್ತೆಯ ಉದ್ದಕ್ಕೂ ಇರುವ ಸಾಲದ ಜಾಹೀರಾತುಗಳಲ್ಲಿ ಬಡ್ಡಿದರ ದಪ್ಪ ಅಕ್ಷರದಲ್ಲಿರುತ್ತದೆ. ಒಟ್ಟು ಎಷ್ಟು ಕಟ್ಟಬೇಕು ಎಂಬುದು ಎಲ್ಲಿಯೂ ಇರುವುದಿಲ್ಲ. 25 ಲಕ್ಷಕ್ಕೆ ಶೇಕಡ 9ರಂತೆ ಇಪ್ಪತ್ತು ವರ್ಷದ ಸಾಲವೆಂದರೆ ತಿಂಗಳಿಗೆ 22,493 ರೂಪಾಯಿ. ಮೊದಲ ಕಂತಿನಲ್ಲಿ 18,750 ಬಡ್ಡಿಗೇ ಹೋಗುತ್ತದೆ, ಅಸಲಿಗೆ ಸಲ್ಲುವುದು 3,743. ಹನ್ನೆರಡು ವರ್ಷ ದಾಟುವವರೆಗೂ ಪ್ರತಿ ಕಂತಿನಲ್ಲಿ ಬಡ್ಡಿಯ ಪಾಲೇ ದೊಡ್ಡದು. ಹತ್ತು ವರ್ಷ ತಪ್ಪದೆ ಕಟ್ಟಿ, ಸುಮಾರು 27 ಲಕ್ಷ ಕೊಟ್ಟ ಮೇಲೂ ಅಸಲಿನಲ್ಲಿ 17 ಲಕ್ಷ 75 ಸಾವಿರ ಉಳಿದಿರುತ್ತದೆ. ಕೊನೆಗೆ ಕೊಟ್ಟ ಮೊತ್ತ 54 ಲಕ್ಷದ ಹತ್ತಿರ. ಇದನ್ನೇ ಮೂವತ್ತು ವರ್ಷ ಮಾಡಿಕೊಳ್ಳಿ, ಕಂತು ಹಗುರವಾಗುತ್ತದೆ ಎನ್ನುತ್ತಾರೆ. ಹಗುರವಾಗುವುದು ತಿಂಗಳಿಗೆ 2,377 ರೂಪಾಯಿ. ಅದಕ್ಕಾಗಿ ಹೆಚ್ಚುವರಿಯಾಗಿ ತೆರುವ ಬಡ್ಡಿ 18 ಲಕ್ಷ 43 ಸಾವಿರ. ತಿಂಗಳ ಕೊನೆಗೆ ನಿಜವಾಗಿಯೂ ಆ ಎರಡು ಸಾವಿರ ಹೊಂದದ ಮನೆಗಳಿವೆ, ಅವರು ಮೂವತ್ತನ್ನೇ ಆರಿಸಿಕೊಳ್ಳಲಿ. ಆದರೆ ಎರಡೂ ಅಂಕಿಗಳನ್ನು ನೋಡಿ ಆರಿಸಿಕೊಳ್ಳಲಿ.

ಉಳಿದ ಖರ್ಚುಗಳೂ ಇವೆ. 30 ಲಕ್ಷದವರೆಗಿನ ಸಾಲದಲ್ಲಿ ಮನೆಯ ಬೆಲೆಯ ಶೇಕಡ 90ರಷ್ಟನ್ನು ಬ್ಯಾಂಕು ಕೊಡಬಹುದಾದರೂ ಮುದ್ರಾಂಕ ಶುಲ್ಕ, ನೋಂದಣಿ ಶುಲ್ಕಗಳು ಸಾಮಾನ್ಯವಾಗಿ ಆ ಬೆಲೆಯಲ್ಲಿ ಸೇರುವುದಿಲ್ಲ. 2025ರ ಆಗಸ್ಟ್ 31ರಿಂದ ರಾಜ್ಯದಲ್ಲಿ ನೋಂದಣಿ ಶುಲ್ಕ ಶೇಕಡ 1ರಿಂದ 2ಕ್ಕೆ ಏರಿದೆ. ಈ ಹಣಕ್ಕಾಗಿ ಚಿನ್ನ ಅಡವಿಟ್ಟು, ಮನೆ ಸಾಲ ಶುರುವಾಗುವ ದಿನವೇ ಎರಡನೆಯ ಸಾಲವನ್ನೂ ತಲೆಯ ಮೇಲೆ ಹೊತ್ತವರನ್ನು ನಾನು ಬಲ್ಲೆ. ಸಾಲದ ಜೊತೆಗೆ ವಿಮೆ ಎಂದು 60 ಸಾವಿರದ ಕಂತನ್ನು ಅಸಲಿಗೇ ಸೇರಿಸಿದರೆ, ಅದಕ್ಕೂ ಬಡ್ಡಿ ಓಡಿ ಇಪ್ಪತ್ತು ವರ್ಷಕ್ಕೆ 1 ಲಕ್ಷ 29 ಸಾವಿರ ದಾಟುತ್ತದೆ. ಮನೆ ಯಜಮಾನನಿಗೆ ವಿಮೆ ಇರುವುದು ಒಳ್ಳೆಯದೇ. ಅದರ ಹಣ ಎಲ್ಲಿಂದ ಹೋಗುತ್ತಿದೆ ಎಂಬುದು ಅವನಿಗೆ ಗೊತ್ತಿರಬೇಕು. ಬಡ್ಡಿಗೆ ತೆರಿಗೆ ವಿನಾಯಿತಿ ಇದೆ ಎಂಬ ಮಾತನ್ನು ಈಗಲೂ ಹೇಳಿ ಸಾಲ ಕೊಡಿಸುತ್ತಾರೆ. ಹೊಸ ತೆರಿಗೆ ಪದ್ಧತಿಯಲ್ಲಿರುವವರಿಗೆ, ತಾವೇ ವಾಸವಿರುವ ಮನೆಯ ಬಡ್ಡಿಗೆ ಆ ವಿನಾಯಿತಿ ಇಲ್ಲ.

ಸಾಲ ಮಾಡಿ ಮನೆ ಕಟ್ಟುವುದು ತಪ್ಪೆಂದು ನಾನು ಹೇಳುತ್ತಿಲ್ಲ. ನಾನೂ ಸಾಲ ಮಾಡಿಯೇ ಮನೆ ಕಟ್ಟಿದವಳು. ಬಾಡಿಗೆ ಮನೆಯಲ್ಲಿ ಗೋಡೆಗೆ ಮೊಳೆ ಹೊಡೆಯಲೂ ಅನುಮತಿ ಕೇಳಿದ ದಿನಗಳು ನೆನಪಿವೆ. ಬಾಡಿಗೆಯೂ ವರ್ಷವರ್ಷ ಏರುತ್ತದೆ, ಅದು ಒಂದು ಇಟ್ಟಿಗೆಯನ್ನೂ ನಮ್ಮದಾಗಿಸುವುದಿಲ್ಲ.

ಮಾನ್ಯರೇ, ಇದಕ್ಕೆ ಹೊಸ ಕಾನೂನು ಬೇಕಾಗಿಲ್ಲ. ನನ್ನ ವಿದ್ಯಾರ್ಥಿ ಬಂದು ಹೋದ ನಾಲ್ಕೇ ತಿಂಗಳಿಗೆ, 2023ರ ಆಗಸ್ಟ್ 18ರಂದು, ರಿಸರ್ವ್ ಬ್ಯಾಂಕು ಸುತ್ತೋಲೆ ಹೊರಡಿಸಿತು. ಬಡ್ಡಿ ಬದಲಾದಾಗ ಕಂತು ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡನ್ನೂ ಸ್ವಲ್ಪಸ್ವಲ್ಪ ಮಾಡಬೇಕೋ ಎಂಬ ಆಯ್ಕೆಯನ್ನು ಸಾಲಗಾರನಿಗೆ ಕೊಡಬೇಕು. ಈವರೆಗೆ ವಸೂಲಾದ ಅಸಲೆಷ್ಟು, ಬಡ್ಡಿಯೆಷ್ಟು, ಉಳಿದ ಕಂತುಗಳೆಷ್ಟು ಎಂಬ ವಿವರವನ್ನು ಮೂರು ತಿಂಗಳಿಗೊಮ್ಮೆ ಸುಲಭವಾಗಿ ಅರ್ಥವಾಗುವಂತೆ ಒದಗಿಸಬೇಕು. ಹಳೆಯ ಸಾಲಗಳಿಗೂ ಇದು ಅನ್ವಯಿಸುತ್ತದೆ.

2024ರ ಏಪ್ರಿಲ್‌ನ ಇನ್ನೊಂದು ಸುತ್ತೋಲೆ ಇದಕ್ಕಿಂತ ಮುಖ್ಯವಾದದ್ದು. ಆ ವರ್ಷದ ಅಕ್ಟೋಬರ್ 1ರಿಂದ ಮಂಜೂರಾದ ಪ್ರತಿ ಹೊಸ ಗೃಹಸಾಲಕ್ಕೂ ಸಹಿಗೆ ಮೊದಲು ಕೆಎಫ್‌ಎಸ್ ಎಂಬ ಮುಖ್ಯಾಂಶಗಳ ಪತ್ರ ಕೊಡಬೇಕು. ಬಡ್ಡಿ, ಶುಲ್ಕ, ವಿಮೆ ಎಲ್ಲ ಸೇರಿ ವರ್ಷಕ್ಕೆ ಬೀಳುವ ನಿಜವಾದ ದರ ಅದರಲ್ಲಿರಬೇಕು. ಮೊದಲ ಕಂತಿನಿಂದ ಕೊನೆಯ ಕಂತಿನವರೆಗೆ ಅಸಲು ಬಡ್ಡಿಯ ಪಟ್ಟಿ ಇರಬೇಕು. ರೆಪೊದಂಥ ಮಾನದಂಡದ ದರ ಕಾಲು ಶೇಕಡ ಬದಲಾದರೆ ಕಂತು ಎಷ್ಟಾಗುತ್ತದೆ, ಕಂತುಗಳ ಸಂಖ್ಯೆ ಎಷ್ಟಾಗುತ್ತದೆ ಎಂಬುದೂ ಇರಬೇಕು. ಓದಿ ಯೋಚಿಸಲು ಕನಿಷ್ಠ ಮೂರು ಕೆಲಸದ ದಿನಗಳ ಕಾಲಾವಕಾಶವಿರಬೇಕು. ಈ ಪತ್ರ ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು ಮತ್ತು ಅದನ್ನು ಅವನಿಗೆ ವಿವರಿಸಿ ಹೇಳಬೇಕು ಎಂಬುದು ಆ ಸುತ್ತೋಲೆಯ ಮಾತೇ. ತುಮಕೂರಿನಲ್ಲಿ ಆ ಭಾಷೆ ಯಾವುದೆಂದು ಚರ್ಚಿಸಬೇಕಾಗಿಲ್ಲ.

ಈಚೆಗೆ ಮನೆ ಸಾಲ ಪಡೆದ ನನ್ನ ಪರಿಚಯದ ಮೂರು ಮನೆಗಳವರನ್ನು ಕೇಳಿದೆ. ಮೂವರಿಗೂ ಪತ್ರ ಸಿಕ್ಕಿದೆ. ಮೂರೂ ಇಂಗ್ಲಿಷಿನಲ್ಲಿವೆ. "ನನಗೆ ವಿವರಿಸಲಾಗಿದೆ, ಅರ್ಥವಾಗಿದೆ" ಎಂಬ ಸಾಲಿನ ಕೆಳಗೆ ಮೂವರೂ ಸಹಿ ಹಾಕಿದ್ದಾರೆ. ವಿವರಿಸಿದವರು ಯಾರೂ ಇಲ್ಲ.

ಲೀಡ್ ಬ್ಯಾಂಕ್ ಯೋಜನೆಯಡಿ ಜಿಲ್ಲಾ ಸಮಾಲೋಚನಾ ಸಮಿತಿಗೆ ತಾವು ಅಧ್ಯಕ್ಷರು. ಜಿಲ್ಲೆಯ ಬ್ಯಾಂಕುಗಳೆಲ್ಲ ಅಲ್ಲಿರುತ್ತವೆ, ರಿಸರ್ವ್ ಬ್ಯಾಂಕಿನ ಅಧಿಕಾರಿಯೂ ಇರುತ್ತಾರೆ. ಬೆಳೆ ಸಾಲ, ಸ್ವಸಹಾಯ ಸಂಘಗಳ ಸಾಲದ ಪ್ರಗತಿಯನ್ನು ತಾವು ಶಾಖೆವಾರು ಕೇಳುವುದನ್ನು ಪತ್ರಿಕೆಗಳಲ್ಲಿ ಓದುತ್ತೇನೆ. ಮುಂದಿನ ಸಭೆಯಲ್ಲಿ ದಯವಿಟ್ಟು ಈ ಒಂದು ಪ್ರಶ್ನೆಯನ್ನೂ ಕೇಳಿ: 2024ರ ಅಕ್ಟೋಬರ್ 1ರಿಂದ ಈ ಜಿಲ್ಲೆಯಲ್ಲಿ ಮಂಜೂರಾದ ಗೃಹಸಾಲಗಳಲ್ಲಿ ಎಷ್ಟಕ್ಕೆ ಕನ್ನಡದ ಕೆಎಫ್‌ಎಸ್ ಕೊಟ್ಟಿದ್ದೀರಿ? ಉತ್ತರವನ್ನು ಬ್ಯಾಂಕುವಾರು ನಡವಳಿಯಲ್ಲಿ ಬರೆಸಿ. ಮೂರು ತಿಂಗಳ ನಂತರ ಅದೇ ಪ್ರಶ್ನೆಯನ್ನು ಮತ್ತೆ ಕೇಳಿ. ಅಂಕಿ ಬರೆದಿಡುತ್ತಾರೆ ಎಂದು ಗೊತ್ತಾದರೆ ಕೆಲಸ ಆಗುತ್ತದೆ ಎಂಬುದು ಶಾಲೆಯಲ್ಲಿ ನಾನು ಕಂಡ ಸಂಗತಿ.

ಹಳೆಯ ಸಾಲಗಾರರ ಬಗೆಗೂ ಒಂದು ಮಾತು. 2025ರಲ್ಲಿ ರೆಪೊ ದರ ಇಳಿಯತೊಡಗಿ ಜೂನ್ ಹೊತ್ತಿಗೆ 5.5ಕ್ಕೆ ಬಂತು. ಏರಿದಾಗ ಹಿಗ್ಗಿದ ಅವಧಿ ಇಳಿದಾಗ ಎಷ್ಟು ಕುಗ್ಗಿತು ಎಂದು ಬ್ಯಾಂಕಿಗೆ ಹೋಗಿ ಕೇಳಿದವರು ಕಡಿಮೆ. ಫ್ಲೋಟಿಂಗ್ ಬಡ್ಡಿಯ ಗೃಹಸಾಲವನ್ನು ಅವಧಿಗೆ ಮೊದಲೇ ತೀರಿಸಿದರೆ ದಂಡವಿಲ್ಲ ಎಂಬುದೂ ಅನೇಕರಿಗೆ ತಿಳಿಯದು. ಮೇಲೆ ಹೇಳಿದ ಇಪ್ಪತ್ತು ವರ್ಷದ ಸಾಲಕ್ಕೇ ತಿಂಗಳಿಗೆ 1,875 ರೂಪಾಯಿ ಹೆಚ್ಚು ಕಟ್ಟುತ್ತ ಬಂದರೆ ಅದು ಹದಿನಾರೂವರೆ ವರ್ಷದೊಳಗೆ ಮುಗಿದು, ಆರು ಲಕ್ಷ ಉಳಿಯುತ್ತದೆ. ತಿಂಗಳಿಗೊಂದು ಶನಿವಾರ ಪ್ರತಿ ದೊಡ್ಡ ಶಾಖೆಯಲ್ಲಿ ಒಂದು ಮೇಜು ಹಾಕಿ, ಬಂದವರಿಗೆ ಅವರವರ ಉಳಿದ ಕಂತಿನ ಲೆಕ್ಕವನ್ನು ಕನ್ನಡದಲ್ಲಿ ಹೇಳುವ ಏರ್ಪಾಡು ಮಾಡಿಸಬಹುದೇ? ಎರಡನೆಯ ಮತ್ತು ನಾಲ್ಕನೆಯ ಶನಿವಾರ ಬ್ಯಾಂಕಿಗೆ ರಜೆ, ಮೊದಲನೆಯದೋ ಮೂರನೆಯದೋ ಆಗಬಹುದು. ಸಿಬ್ಬಂದಿ ಸಾಲದೆಂದರೆ ನಾನು ಬಂದು ಕೂರುತ್ತೇನೆ. ನನ್ನಂತೆ ನಿವೃತ್ತರಾದ ಇಬ್ಬರು ಗಣಿತ ಶಿಕ್ಷಕರೂ ಬರಲು ಒಪ್ಪಿದ್ದಾರೆ. ನಮಗೆ ಸಂಭಾವನೆ ಬೇಡ.

ನನ್ನ ವಿದ್ಯಾರ್ಥಿ 2023ರ ಜೂನ್‌ನಲ್ಲಿ ಬ್ಯಾಂಕಿಗೆ ಬರೆದುಕೊಟ್ಟು ಕಂತನ್ನು ಏರಿಸಿಕೊಂಡ. ಅವನ ಹೆಂಡತಿ ಈಗ ಪ್ರತಿ ಮೂರು ತಿಂಗಳಿಗೆ ಬ್ಯಾಂಕಿನ ಪಟ್ಟಿಯನ್ನು ತರಿಸಿಕೊಂಡು, ಕ್ಯಾಲೆಂಡರಿನ ಮೂಲೆಯಲ್ಲಿ ತನ್ನ ಸಂಖ್ಯೆಯ ಪಕ್ಕದಲ್ಲೇ ಬ್ಯಾಂಕಿನ ಸಂಖ್ಯೆಯನ್ನೂ ಬರೆಯುತ್ತಾಳೆ.

ಕೆಎಫ್‌ಎಸ್ ನಮೂನೆಯನ್ನು ನಾವು ಮೂವರು ಸೇರಿ ಕನ್ನಡಕ್ಕೆ ತಂದಿದ್ದೇವೆ. ಅದರ ಪ್ರತಿಯನ್ನು ಈ ಪತ್ರದೊಂದಿಗೆ ತಮ್ಮ ಕಚೇರಿಗೆ ಸಲ್ಲಿಸುತ್ತಿದ್ದೇನೆ. ತಿದ್ದಬೇಕಾದ್ದಿದ್ದರೆ ತಿದ್ದಿಸಿ, ಸಭೆಯಲ್ಲಿ ಬ್ಯಾಂಕುಗಳಿಗೆ ಹಂಚಬೇಕೆಂದು ಬೇಡಿಕೊಳ್ಳುತ್ತೇನೆ.

ತಮ್ಮ ವಿಶ್ವಾಸಿ,
ನಿವೃತ್ತ ಗಣಿತ ಶಿಕ್ಷಕಿ, ತುಮಕೂರು